ಹಾಡಹಗಲಿನ ಅರುಂಧತಿ

ಹುಬ್ಬಳ್ಳಿ-ಧಾರವಾಡದ ಕಲ್ಯಾಣ ಮಂಟಪಗಳಲ್ಲಿ ಹಿಂದೂ ಸ್ನೇಹಿತರ ಮನೆಯ ಮದುವೆಗೆ ಹೋದಾಗ ನಾವು ಈ ದೃಶ್ಯವನ್ನು ಎಷ್ಟೋ ಸಲ ನೋಡಿದ್ದೇವೆ. ತಾಳಿ ಕಟ್ಟಿಯಾಗಿರುತ್ತದೆ, ಸಪ್ತಪದಿ ಮುಗಿದಿರುತ್ತದೆ. ಪುರೋಹಿತರು ವಧೂವರರನ್ನು ಹೊರಗೆ ಕರೆತಂದು ಆಕಾಶದ ಕಡೆ ಬೆರಳು ತೋರಿಸುತ್ತಾರೆ. “ಅರುಂಧತಿ ಕಾಣಸ್ತದೇನವಾ?” ಏಪ್ರಿಲ್ ತಿಂಗಳ ಮಟಮಟ ಮಧ್ಯಾಹ್ನ. ಹುಡುಗಿ ಕಣ್ಣು ಕಿರಿದು ಮಾಡಿ “ಹ್ಞೂಂ, ಕಾಣಸ್ತದ್ರಿ” ಎನ್ನುತ್ತಾಳೆ. ಗೆಳತಿಯರು ನಗುತ್ತಾರೆ. ಫೋಟೋದವನು ಇನ್ನೊಮ್ಮೆ ಬೆರಳು ಎತ್ತಿಸುತ್ತಾನೆ.

ಕಾಣದ ನಕ್ಷತ್ರವನ್ನು ಕಂಡೆನೆಂದು ಹೇಳುವುದು ಸುಳ್ಳೇ?

ನಿಜವಾದ ಅರುಂಧತಿ ಸಪ್ತರ್ಷಿ ಮಂಡಲದಲ್ಲಿದೆ. ಬಾಲದ ಮೂರು ನಕ್ಷತ್ರಗಳಲ್ಲಿ ನಡುವಿನದು ವಸಿಷ್ಠ, ಅದಕ್ಕೆ ಅಂಟಿಕೊಂಡಂತೆ ಮಿಣುಕುವುದು ಅರುಂಧತಿ. ನಮ್ಮಿಂದ ಸುಮಾರು 80 ಜ್ಯೋತಿರ್ವರ್ಷ ದೂರ. ಗೃಹ್ಯಸೂತ್ರಗಳ ಕಾಲದಲ್ಲಿ ಈ ದರ್ಶನ ನಡೆಯುತ್ತಿದ್ದದ್ದು ರಾತ್ರಿ, ನಕ್ಷತ್ರಗಳು ಮೂಡಿದ ಮೇಲೆ. ಮುಂದೆ ಮುಹೂರ್ತ ಹಗಲಿಗೆ ಬಂತು, ಶಾಸ್ತ್ರವೂ ಅದರ ಜೊತೆ ಬಂತು, ನಕ್ಷತ್ರ ಮಾತ್ರ ಬರಲಿಲ್ಲ. ಲೆಕ್ಕ ಹಾಕಿ ನೋಡಿದರೆ ವಿಚಿತ್ರವೊಂದು ತಿಳಿಯುತ್ತದೆ. ಮಾರ್ಗಶಿರದ ಮದುವೆಯಲ್ಲಿ ಅರುಂಧತಿ ಹಗಲು ಹೊತ್ತು ಉತ್ತರದ ಆಕಾಶದಲ್ಲಿ ಇದ್ದೇ ಇರುತ್ತದೆ, ಸೂರ್ಯನ ಬೆಳಕಿನಲ್ಲಿ ಅಡಗಿರುತ್ತದೆ ಅಷ್ಟೆ. ಏಪ್ರಿಲ್-ಮೇ ತಿಂಗಳ ಮಧ್ಯಾಹ್ನ ಅದು ನಮ್ಮ ಊರಿಗೆ ದಿಗಂತದ ಕೆಳಗಿರುತ್ತದೆ. ಬೆರಳು ಮೇಲೆ ತೋರಿಸುತ್ತದೆ, ನಕ್ಷತ್ರ ಕಾಲ ಕೆಳಗಿದೆ. ಆ ಹುಡುಗಿ ಕಂಡದ್ದು ಪೂರ್ತಿಯಾಗಿ ಕಲ್ಪನೆಯ ನಕ್ಷತ್ರ.

ಉರ್ದು ಓದಿದ ನಮಗೆ ಇದೇ ನಕ್ಷತ್ರ ಬೇರೆ ಹೆಸರಿನಲ್ಲಿ ಗೊತ್ತು. ಅರಬರು ಇದನ್ನು ಸುಹಾ ಎಂದರು, ಕಣ್ಣಿನ ದೃಷ್ಟಿ ಪರೀಕ್ಷಿಸಲು ಬಳಸಿದರು. ‘ನಾನು ಅವಳಿಗೆ ಸುಹಾ ತೋರಿಸಿದರೆ ಅವಳು ನನಗೆ ಚಂದ್ರನನ್ನು ತೋರಿಸುತ್ತಾಳೆ’ ಎಂಬುದು ಅವರ ಗಾದೆ. ನಾವು ಸಪ್ತರ್ಷಿಗಳನ್ನು ಕಂಡ ಜಾಗದಲ್ಲಿ ಅವರು ಒಂದು ಜನಾಜಾ ಕಂಡರು. ನಾಲ್ಕು ನಕ್ಷತ್ರ ಶವದ ಮಂಚ, ಹಿಂದೆ ನಡೆಯುವ ಮೂರು ಹೆಣ್ಣುಮಕ್ಕಳು: ಬನಾತುನ್ನಾಶ್. ಡೆಪ್ಯುಟಿ ನಜೀರ್ ಅಹ್ಮದ್ ಹೆಣ್ಣುಮಕ್ಕಳ ಶಿಕ್ಷಣದ ಬಗ್ಗೆ ಬರೆದ ಉರ್ದು ಕಾದಂಬರಿಗೆ ಈ ಹೆಸರನ್ನೇ ಇಟ್ಟರು. ಒಂದೇ ಆಕಾಶದಲ್ಲಿ ಒಬ್ಬರಿಗೆ ಮದುವೆಯ ಸಾಕ್ಷಿ, ಇನ್ನೊಬ್ಬರಿಗೆ ಶವಯಾತ್ರೆ. ನಕ್ಷತ್ರ ಎರಡನ್ನೂ ಹೇಳಿಲ್ಲ.

ಹಾಗಿದ್ದರೂ ‘ಕಂಡೆ’ ಎಂಬ ಮಾತನ್ನು ನಾವು ಹಗುರವಾಗಿ ಆಡುವವರಲ್ಲ. ರಮಜಾನಿನ ಇಪ್ಪತ್ತೊಂಬತ್ತನೆಯ ಸಂಜೆ ಮೋಡವಿದ್ದರೆ ಈದ್‌ನ ಚಂದ್ರನಿಗೆ ಇಬ್ಬರ ಶಹಾದತ್ ಬೇಕು. ಎಲ್ಲಿ ನಿಂತು ನೋಡಿದಿರಿ, ಎಷ್ಟು ಹೊತ್ತು ಇತ್ತು, ಕೊಂಬು ಯಾವ ಕಡೆ ಇತ್ತು ಎಂದು ಹಿರಿಯರು ಕೇಳುತ್ತಾರೆ. ಸಾಕ್ಷಿ ಸಿಗದಿದ್ದರೆ ಮೂವತ್ತು ಪೂರೈಸು, ಅಷ್ಟೆ. ಹೊಸ ಬಟ್ಟೆ ಹೊಲಿಸಿಟ್ಟ ಮಕ್ಕಳು ಅತ್ತರೂ ಚಂದ್ರನನ್ನು ಕಲ್ಪಿಸಿಕೊಳ್ಳುವಂತಿಲ್ಲ. ಯಾಕೆಂದರೆ ಅಲ್ಲಿ ಒಬ್ಬನ ‘ಕಂಡೆ’ ಇಡೀ ಊರಿನ ಉಪವಾಸವನ್ನು ಬಿಡಿಸುತ್ತದೆ.

ವ್ಯತ್ಯಾಸ ಇಲ್ಲಿದೆ ಎಂದು ನಮಗೆ ತೋರುತ್ತದೆ. ಮದುಮಗಳ ‘ಕಾಣಸ್ತದ’ ಸಾಕ್ಷ್ಯವಲ್ಲ, ಮಾತು ಕೊಡುವುದು. ಅದರ ಭಾರ ಬೀಳುವುದು ಹೇಳಿದವಳ ಮೇಲೆಯೇ, ಬೇರೆಯವರ ಮೇಲಲ್ಲ. ಊರಿನಲ್ಲಿ ಗಲಾಟೆ ಎದ್ದ ದಿನ ‘ಕಣ್ಣಾರೆ ಕಂಡೆ’ ಎಂದು ಫೋನಿನಲ್ಲಿ ಹಬ್ಬಿಸುವವನ ಮಾತಿನ ಭಾರ ಮಾತ್ರ ಯಾರದೋ ಅಂಗಡಿಯ ಮೇಲೆ, ಯಾರದೋ ಮಗನ ಮೇಲೆ ಬೀಳುತ್ತದೆ. ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗಲಾಗದು.

ಆದರೆ ಇಷ್ಟಕ್ಕೇ ಸಮಾಧಾನಪಡುವುದು ಕಷ್ಟ. ಶಂಕರಾಚಾರ್ಯರು ಬ್ರಹ್ಮಸೂತ್ರ ಭಾಷ್ಯದಲ್ಲಿ ಅರುಂಧತಿಯನ್ನು ತೋರಿಸುವ ಕ್ರಮವನ್ನೇ ಉದಾಹರಣೆಯಾಗಿ ತರುತ್ತಾರೆ. ಮೊದಲು ಪಕ್ಕದ ದೊಡ್ಡ ನಕ್ಷತ್ರವನ್ನೇ ಅರುಂಧತಿ ಎನ್ನುವುದು, ಕಣ್ಣು ಅಲ್ಲಿ ನಿಂತ ಮೇಲೆ ಅದನ್ನು ಬಿಡಿಸಿ ಚಿಕ್ಕದನ್ನು ತೋರಿಸುವುದು. ಮೊದಲ ಹೆಜ್ಜೆ ಸುಳ್ಳಾದರೂ ನಡೆಯುತ್ತದೆ, ಎರಡನೆಯದು ಇದೆಯಲ್ಲ. ನಮ್ಮ ಮಧ್ಯಾಹ್ನದ ದರ್ಶನಕ್ಕೆ ಎರಡನೆಯ ಹೆಜ್ಜೆಯೇ ಇಲ್ಲ. ಮದುವೆಯಾದ ಮೇಲೆ ಒಂದು ರಾತ್ರಿ ಮಾಳಿಗೆ ಹತ್ತಿ ಅದನ್ನು ಹುಡುಕಿದ ದಂಪತಿಗಳು ಎಷ್ಟಿದ್ದಾರು?

ಇನ್ನು ಆ ನಕ್ಷತ್ರ ಯಾಕೆ ಮಸುಕು? ಮಹಾಭಾರತದ ಆದಿಪರ್ವದಲ್ಲಿ ಕಾರಣ ಸಿಗುತ್ತದೆ: ಅರುಂಧತಿ ತನ್ನ ಗಂಡನನ್ನು ಶಂಕಿಸಿದಳು, ಆದ್ದರಿಂದ ಹೊಗೆ ಹಿಡಿದವಳಂತೆ ಮಂಕಾದಳು. ಇದನ್ನು ಹೇಳುವವನು ಮಂದಪಾಲ. ಹಕ್ಕಿಯ ರೂಪದಲ್ಲಿದ್ದ ಈ ಋಷಿ ಹೆಂಡತಿ ಜರಿತೆಯನ್ನೂ ನಾಲ್ಕು ಮರಿಗಳನ್ನೂ ಬಿಟ್ಟು ಲಪಿತೆಯ ಹಿಂದೆ ಹೋದವನು. ಖಾಂಡವವನ ಹೊತ್ತಿ ಉರಿದು, ಮರಿಗಳು ಹೇಗೋ ಬದುಕಿಕೊಂಡ ಮೇಲೆ ಬಂದು, ಸಿಟ್ಟಾದ ಹೆಂಡತಿಗೆ ಶಂಕೆ ಒಳ್ಳೆಯದಲ್ಲವೆಂದು ಅರುಂಧತಿಯ ಕಥೆ ಹೇಳುತ್ತಾನೆ! ಹೇಳಿದವನು ಯಾರೆಂಬುದನ್ನು ಬಿಟ್ಟು ಕಥೆಯನ್ನಷ್ಟೇ ಹೆಣ್ಣುಮಕ್ಕಳಿಗೆ ಹೇಳುತ್ತ ಬಂದಿದ್ದೇವೆ. ಬೆರಳು ಇಬ್ಬರಿಗೂ ತೋರಿಸುತ್ತದೆ, ಆದರೆ ವಸಿಷ್ಠನಂತಿರು ಎಂದು ಮದುಮಗನಿಗೆ ಒತ್ತಿ ಹೇಳುವವರು ಕಡಿಮೆ.

ಇದು ಅವರ ಮನೆಯ ದೋಸೆ ಮಾತ್ರ ತೂತು ಎಂಬ ಮಾತಲ್ಲ. ನಮ್ಮ ನಿಕಾಹ್‌ನಲ್ಲಿ ವಕೀಲರು ಇಬ್ಬರು ಸಾಕ್ಷಿಗಳೊಂದಿಗೆ ಒಳಕೋಣೆಗೆ ಹೋಗುತ್ತಾರೆ. ದುಪಟ್ಟಾ ಮುಚ್ಚಿದ ಹುಡುಗಿ, ಸುತ್ತ ಖಾಲಾ, ಫೂಫಿಯರ ಗದ್ದಲ. ಅವಳು ತಲೆ ಆಡಿಸಿದಳೋ, ಹಿಂದೆ ಕೂತವರು ಆಡಿಸಿದರೋ! ಹೊರಗೆ ಬಂದು “ಇಜಾಜತ್ ಮಿಲ್ ಗಯೀ” ಎನ್ನುತ್ತಾರೆ. ಕನ್ಯೆಯ ಮೌನವೇ ಒಪ್ಪಿಗೆ ಎಂಬ ಹದೀಸನ್ನು ನಾವೆಲ್ಲ ಬಲ್ಲೆವು. ಅವಳ ನಾಚಿಕೆಗೆ ಕೊಟ್ಟ ರಿಯಾಯಿತಿ ಅದು, ಕೇಳುವವರ ಅವಸರಕ್ಕಲ್ಲ. ಅವಳನ್ನು ಕೇಳಲೇಬೇಕು ಎಂಬುದು ಅದೇ ಹದೀಸಿನ ಮೊದಲ ಭಾಗ. ತಂದೆ ತನ್ನ ಇಷ್ಟಕ್ಕೆ ವಿರುದ್ಧವಾಗಿ ಮದುವೆ ಮಾಡಿದ್ದಾನೆಂದು ಖನ್ಸಾ ಬಿಂತ್ ಖಿದಾಮ್ ಬಂದು ದೂರಿದಾಗ ಪ್ರವಾದಿಯವರು (ಸ) ಆ ನಿಕಾಹ್‌ಅನ್ನೇ ರದ್ದುಪಡಿಸಿದರು. ಒಳಕೋಣೆಯಲ್ಲಿ ಕೇಳಿಸದ ‘ಹ್ಞೂಂ’ ಅನ್ನು ಕೇಳಿಸಿತು ಎನ್ನುವುದು ಮದುಮಗಳ ನಕ್ಷತ್ರದಂಥದ್ದಲ್ಲ. ಆಕೆ ತನ್ನ ಪರವಾಗಿ ಹೇಳಿಕೊಂಡಳು. ನಾವು ಇನ್ನೊಬ್ಬಳ ಇಡೀ ಬದುಕಿನ ಮೇಲೆ ಶಹಾದತ್ ಕೊಡುತ್ತಿದ್ದೇವೆ, ಅದೂ ಚಂದ್ರನಿಗೆ ಕೇಳಿದಷ್ಟು ಪ್ರಶ್ನೆಯನ್ನೂ ಕೇಳದೆ.

ಅರುಂಧತಿಯನ್ನು ನಿಜಕ್ಕೂ ನೋಡಬೇಕೆನ್ನುವವರಿಗೆ ಮೇ ತಿಂಗಳ ರಾತ್ರಿ ಒಂಬತ್ತು ಗಂಟೆ ಒಳ್ಳೆಯ ಹೊತ್ತು. ಊರಿನ ದೀಪಗಳಿಂದ ಸ್ವಲ್ಪ ಹೊರಗೆ, ಉತ್ತರಕ್ಕೆ ಮುಖ ಮಾಡಿ ನಿಂತರೆ ಸಪ್ತರ್ಷಿ ಮಂಡಲ ಅರ್ಧ ಆಕಾಶದೆತ್ತರದಲ್ಲಿರುತ್ತದೆ. ಮೊದಲು ವಸಿಷ್ಠ ಸಿಗುತ್ತದೆ. ಚಿಕ್ಕದಕ್ಕೆ ಒಂದೆರಡು ನಿಮಿಷ ಕಾಯಬೇಕು. ಜೊತೆಗಿದ್ದವರಿಗೆ ಕಾಣದಿದ್ದರೆ, ಕಾಣಲಿಲ್ಲ ಎನ್ನಲಿ.