ಬೀಗ ಮತ್ತು ಪ್ರತಿ

ತೊಂಬತ್ತರ ದಶಕದಲ್ಲಿ ಹಾಸನ, ಚನ್ನರಾಯಪಟ್ಟಣದಂಥ ಊರುಗಳಲ್ಲಿ ಡಾಸ್ ಕಲಿಯಲು ಕಂಪ್ಯೂಟರ್ ಸೆಂಟರಿಗೆ ಹೋದವರಿಗೆ ಪ್ರಿನ್ಸ್ ಆಫ್ ಪರ್ಶಿಯಾ ನೆನಪಿದ್ದೀತು. ಜೋರ್ಡಾನ್ ಮೆಕ್ನರ್ 1989ರಲ್ಲಿ ಹೊರತಂದ ಆಟ. ಅದರ ಡಾಸ್ ಆವೃತ್ತಿಯಲ್ಲಿ ಮೊದಲ ಹಂತ ದಾಟಿದರೆ ಅಕ್ಷರ ಬರೆದ ಸೀಸೆಗಳು ಎದುರಾಗುತ್ತಿದ್ದವು. ಕೈಪಿಡಿಯ ಇಂಥ ಪುಟ, ಇಂಥ ಸಾಲಿನ ಪದ ಯಾವ ಅಕ್ಷರದಿಂದ ಶುರುವಾಗುತ್ತದೋ ಆ ಸೀಸೆಯನ್ನೇ ಕುಡಿಯಬೇಕು. ಫ್ಲಾಪಿ ಕೈಯಿಂದ ಕೈಗೆ ಬರುತ್ತಿತ್ತು, ಕೈಪಿಡಿ ಬರುತ್ತಿರಲಿಲ್ಲ. ಬೀಗ ಒಡೆದ ಪ್ರತಿ ಸಿಕ್ಕವರಷ್ಟೇ ಸಲೀಸಾಗಿ ಮುಂದೆ ಹೋದರು.

ಆಟ ಕಟ್ಟಿದವನ ದುಡಿಮೆಗೆ ಕಾವಲು ಬೇಕು, ಅದರಲ್ಲಿ ತಕರಾರಿಲ್ಲ. ಆದರೆ ಬೀಗಕ್ಕೂ ಮುಪ್ಪು ಬರುತ್ತದೆ. 2015ರಲ್ಲಿ ಬಂದ ವಿಂಡೋಸ್ 10, ಸಿ.ಡಿ. ನಕಲಾಗದಂತೆ ತಡೆಯುವ ಸೇಫ್‌ಡಿಸ್ಕ್ ಬೀಗವನ್ನು ಭದ್ರತೆಯ ಕಾರಣಕ್ಕೆ ಕೈಬಿಟ್ಟಿತು. ಆ ಬೀಗವಿದ್ದ ಆಟಗಳ ಅಸಲಿ ಸಿ.ಡಿ.ಯನ್ನು ಕಾಸು ಕೊಟ್ಟು ಕೊಂಡವನು ಹೊರಗುಳಿದ; ಬೀಗ ಒಡೆದವನ ಆಟ ಮಾತ್ರ ನಡೆಯುತ್ತಲೇ ಇತ್ತು. ನಮ್ಮ ಹಕ್ಕುಸ್ವಾಮ್ಯ ಕಾಯ್ದೆ ಈ ವಿಷಯದಲ್ಲಿ ತಕ್ಕಮಟ್ಟಿಗೆ ಉದಾರಿ. 2012ರ ತಿದ್ದುಪಡಿಯಲ್ಲಿ ಸೇರಿದ 65ಎ ಕಲಂ, ಹಕ್ಕು ಉಲ್ಲಂಘಿಸುವ ಉದ್ದೇಶದಿಂದ ಬೀಗ ಮುರಿದವನಿಗೆ ಶಿಕ್ಷೆ ಹೇಳುತ್ತದೆ. ಉದ್ದೇಶ ಯಾವುದೆಂದು ಅಳೆಯುವವರಾರು?

ಚನ್ನರಾಯಪಟ್ಟಣ ತಾಲ್ಲೂಕಿನ ಶ್ರವಣಬೆಳಗೊಳದ ಬ್ರಹ್ಮಸೂರಿ ಶಾಸ್ತ್ರಿಗಳ ಕತೆಯಲ್ಲೂ ಇದೇ ಪ್ರಶ್ನೆಯಿದೆ. ಜೈನ ಆಚಾರ್ಯ ವೀರಸೇನರು ಷಟ್ಖಂಡಾಗಮಕ್ಕೆ ಬರೆದ ಧವಲಾ ಟೀಕೆಯ ತಾಳೆಗರಿಗಳು ಮೂಡಬಿದಿರೆಯ ಬಸದಿಯಲ್ಲಿ ಶತಮಾನಗಳ ಕಾಲ ದರ್ಶನಕ್ಕಷ್ಟೇ ಮೀಸಲಾಗಿದ್ದವು. ಗರಿಗಳು ಜೀರ್ಣವಾಗುವ ಭಯಕ್ಕೆ ಹತ್ತೊಂಬತ್ತನೇ ಶತಮಾನದ ಕೊನೆಗೆ ನಕಲು ಮಾಡಲು ಒಪ್ಪಿಗೆ ಸಿಕ್ಕಿತು. ಪ್ರತಿ ಮಾತ್ರ ಹೊರಗೆ ಹೋಗುವಂತಿರಲಿಲ್ಲ. ಬ್ರಹ್ಮಸೂರಿ ಶಾಸ್ತ್ರಿಗಳೂ ಗಜಪತಿ ಉಪಾಧ್ಯಾಯರೂ ಬರೆಯಲು ಕೂತರು. ಶಾಸ್ತ್ರಿಗಳು ನಡುವೆ ತೀರಿಕೊಂಡರು. ಗಜಪತಿಗಳು ಕೆಲಸ ಮುಂದುವರಿಸುತ್ತ, ಹೆಂಡತಿಯ ನೆರವಿನಿಂದ ಗುಟ್ಟಾಗಿ ಕನ್ನಡ ಲಿಪಿಯಲ್ಲಿ ಇನ್ನೊಂದು ಪ್ರತಿ ಮಾಡಿಕೊಂಡರು. ಅದು ಸಹಾರನಪುರದ ಶ್ರೀಮಂತರೊಬ್ಬರ ಕೈ ಸೇರಿತು, ಗಜಪತಿಗಳಿಗೆ ಹಣವೂ ಸಿಕ್ಕಿತು.

ಕಳವೇ? ನಂಬಿಕೆ ಮುರಿದದ್ದಂತೂ ನಿಜ, ಅದನ್ನು ನಾನು ಪುಣ್ಯಕಾರ್ಯವೆಂದು ಬಣ್ಣಿಸಲಾರೆ. ಆದರೂ ವಿದ್ವಾಂಸ ಹೀರಾಲಾಲ್ ಜೈನರು 1939ರಿಂದ ಧವಲಾವನ್ನು ಅಚ್ಚು ಹಾಕಿಸತೊಡಗಿದ್ದು ಆ ಗುಟ್ಟಿನ ಪ್ರತಿಯಿಂದ ಹಬ್ಬಿದ ನಕಲುಗಳನ್ನು ಹಿಡಿದೇ. ಮೊದಲ ಸಂಪುಟಗಳು ಹೊರಬಂದ ಮೇಲೆ ಮೂಡಬಿದಿರೆಯವರೂ ಮೂಲ ಗರಿಗಳೊಂದಿಗೆ ಪಾಠ ಹೋಲಿಸಲು ಅನುವು ಮಾಡಿಕೊಟ್ಟರು.

ಆಟದ ಕಂಪನಿಗಳಲ್ಲಿ ಕೆಲವು ಈಗ ಬೀಗವಿಲ್ಲದ ಹಳೆಯ ಆಟಗಳನ್ನು ತಾವೇ ಮಾರುತ್ತಿವೆ. ಮಿಕ್ಕ ಎಷ್ಟೋ ಆಟಗಳ ಕಂಪನಿ ಮುಚ್ಚಿಹೋಗಿದೆ. ಅನುಮತಿ ಕೇಳೋಣವೆಂದರೆ ಒಡೆಯ ಯಾರೆಂಬುದೇ ತಿಳಿಯದು.