ಮುಗಿಯದ ಗಿಡ

ಬಿತ್ತನೆಗೆಂದು ತಂದ ಆಲೂಗಡ್ಡೆಯೊಂದನ್ನು ಬೆಳಕಿಗೆ ಹಿಡಿದು ನಿಧಾನವಾಗಿ ತಿರುಗಿಸಿ ನೋಡಬೇಕು. ಕಣ್ಣುಗಳು ಎಲ್ಲೆಂದರಲ್ಲಿ ಚದುರಿಲ್ಲ. ಬುಡದಿಂದ ಸುತ್ತಿಕೊಂಡು ಹತ್ತುತ್ತಾ ಹೋಗಿ ತುದಿಯಲ್ಲಿ ಒತ್ತೊತ್ತಾಗುತ್ತವೆ. ಒಂದೊಂದು ಕಣ್ಣಿನ ಪಕ್ಕದಲ್ಲೂ ಹುಬ್ಬು ತಿದ್ದಿದ ಹಾಗೆ ಒಂದು ಸಣ್ಣ ಗೆರೆ. ಅದು ಎಲೆಯ ಗುರುತು. ಕಣ್ಣು ಅಂದರೆ ಆ ಎಲೆಯ ಕಂಕುಳಲ್ಲಿ ಕೂತ ಮೊಗ್ಗು. ಬೇರಿನಲ್ಲಿ ಇಂಥ ಜೋಡಣೆ ಇರುವುದಿಲ್ಲ. ನಾವು ದಿನಾ ಪಲ್ಯಕ್ಕೆ ಹೆಚ್ಚುವುದು ಬೇರನ್ನಲ್ಲ, ಮಣ್ಣೊಳಗೆ ಉಬ್ಬಿ ನಿಂತ ಕಾಂಡವನ್ನು. ಎಲೆ, ಮೊಗ್ಗು, ತುದಿ, ಬುಡ, ಒಂದು ರೆಂಬೆಗೆ ಏನೇನು ಬೇಕೋ ಎಲ್ಲದರ ಲೆಕ್ಕವೂ ಆ ಸಿಪ್ಪೆಯ ಮೇಲಿದೆ.

ಈ ಕಾಂಡಕ್ಕೆ ತನ್ನದೇ ಕಾಲಜ್ಞಾನ. ಇವತ್ತು ಅಗೆದ ಗಡ್ಡೆಯನ್ನು ಇವತ್ತೇ ನೆಟ್ಟು ನೀರು ಹಾಕಿದರೂ ಏಳುವುದಿಲ್ಲ. ಕೆಲವು ವಾರ ಅದು ನಿದ್ದೆ ಮಾಡಿಯೇ ತೀರಬೇಕು. ಎದ್ದಾಗಲೂ ತುದಿಯ ಕಣ್ಣು ಮೊದಲು ಬಿಡುತ್ತದೆ, ಉಳಿದವನ್ನು ತಡೆದಿಡುತ್ತದೆ. ಹೋಳು ಮಾಡಿದರೆ ಆ ಅಂಕೆ ತಪ್ಪಿ, ಹಿಂದೆ ಉಳಿದ ಕಣ್ಣುಗಳೂ ಚಿಗುರುತ್ತವೆ. ಒಂದು ಹೋಳಿಗೆ ಎರಡು ಕಣ್ಣಾದರೂ ಇರಲಿ, ಕೊಯ್ದ ಗಾಯ ಒಣಗಿದ ಮೇಲೆ ಮಣ್ಣಿಗೆ ಹೋಗಲಿ. ಹಾಸನದ ಸೀಮೆಯಲ್ಲಿ ಮುಂಗಾರಿನ ಮೊದಲ ಮಳೆಗಳಿಗೆ ಹೊಲದಲ್ಲಿ ಬಿತ್ತನೆ ನಡೆಯುವಾಗಲೇ ನಮ್ಮ ಹಿತ್ತಿಲಲ್ಲೂ ಎರಡು ಸಾಲು ಏಳುತ್ತದೆ.

ಗಿಡ ಗೇಣುದ್ದ ಬಂದಾಗ ಬುಡಕ್ಕೆ ಮಣ್ಣೇರಿಸುವ ಕೆಲಸ. ನನಗೆ ಇಡೀ ಬೇಸಾಯದಲ್ಲಿ ಅತಿ ಪ್ರಿಯವಾದದ್ದು ಇದೇ. ಏರಿಸುವ ಮುಂಚೆ ಬೆರಳಲ್ಲಿ ಮಣ್ಣು ಸರಿಸಿದರೆ ಬುಡದಿಂದ ಅಡ್ಡಡ್ಡ ಹೊರಟ ಬಿಳಿಯ ಎಳೆಗಳು ಕಾಣುತ್ತವೆ. ಬೇರಿಗಿಂತ ದಪ್ಪ, ತುದಿ ಸ್ವಲ್ಪ ಬಾಗಿದೆ. ಇಂಥ ಎಳೆ ಮಣ್ಣಿಂದ ಹೊರಗೆ ಬಂದು ಬೆಳಕು ಕಂಡರೆ ತಲೆಯೆತ್ತಿ ಹಸಿರಾಗಿ ಎಲೆ ಬಿಡುತ್ತದೆ. ಕತ್ತಲಲ್ಲೇ ಉಳಿದರೆ ತುದಿ ಉಬ್ಬಿ ಬಟಾಣಿಯಷ್ಟಾಗುತ್ತದೆ, ಮುಂದೆ ಗಡ್ಡೆಯಾಗುತ್ತದೆ. ಅದೇ ಎಳೆ, ಅದೇ ತುದಿ. ನಡುವೆ ಇರುವುದು ನಾನು ಎಳೆಯುವ ಒಂದು ಗುದ್ದಲಿ ಮಣ್ಣು. ಬೆಳೆದ ಗಡ್ಡೆಯೂ ಬಿಸಿಲಿಗೆ ಬಿದ್ದರೆ ಹಸಿರಾಗಿ ಸೊಲನೈನ್ ಎಂಬ ವಿಷ ಕಟ್ಟಿಕೊಳ್ಳುತ್ತದೆ. ತಾನು ಕಾಂಡವೆಂಬುದನ್ನು ಅದು ಮರೆತೇ ಇಲ್ಲ.

ಗಡ್ಡೆ ಕಟ್ಟುವ ಹೊತ್ತನ್ನು ಮಣ್ಣೊಳಗಿನ ತುದಿ ತಾನಾಗಿ ತಿಳಿಯುವುದಿಲ್ಲ. ಇರುಳು ಎಷ್ಟು ಉದ್ದವೆಂದು ಅಳೆಯುವುದು ಮೇಲಿನ ಎಲೆ. ತಂಪಾದ, ಉದ್ದನೆಯ ಇರುಳು ಆಲೂಗಡ್ಡೆಗೆ ಇಷ್ಟ. ಸೆಕೆಯ ರಾತ್ರಿಗಳಲ್ಲಿ ಸೊಪ್ಪು ಹುಲುಸಾಗುತ್ತದೆ, ಗಡ್ಡೆ ಸೊರಗುತ್ತದೆ. ಎಲೆಯಿಂದ ಕೆಳಗಿಳಿಯುವ ಆ ಸುದ್ದಿ ಯಾವುದೆಂದು ವಿಜ್ಞಾನಿಗಳು 2011ರಲ್ಲಿ ತೋರಿಸಿದರು. ಒಂದು ಪ್ರೋಟೀನು. ಬೇರೆ ಗಿಡಗಳಲ್ಲಿ ಹೂ ಬಿಡು ಎಂದು ಹೇಳುವ ಪ್ರೋಟೀನಿನ ಒಡಹುಟ್ಟು ಅದು. ಉಳಿದ ಗಿಡಗಳು ಹೂವಾಗುವ ಕರೆಗೆ ಈ ಗಿಡ ಮಣ್ಣೊಳಗೆ ಗಡ್ಡೆಯಾಗುತ್ತದೆ. ಓದಿದ ಮೇಲೆ ಸಂಜೆ ಪಾತಿಯ ಪಕ್ಕದಲ್ಲಿ ಸುಮ್ಮನೆ ನಿಂತಿದ್ದೇನೆ, ಆ ಹೊತ್ತಿಗೂ ಎಲೆಗಳಲ್ಲಿ ಅಳತೆ ನಡೆದಿದೆ ಎಂದುಕೊಳ್ಳುತ್ತಾ.

ಆದರೆ ನನ್ನನ್ನು ಬಿಡದೆ ಹಿಡಿದಿರುವ ಬೆರಗು ಇನ್ನೊಂದು. ನಮ್ಮ ಕಡೆ ಬಹುಕಾಲದಿಂದ ಬೆಳೆಯುತ್ತಿರುವ ತಳಿ ಕುಫ್ರಿ ಜ್ಯೋತಿ. ಶಿಮ್ಲಾದ ಕೇಂದ್ರೀಯ ಆಲೂಗಡ್ಡೆ ಸಂಶೋಧನಾ ಸಂಸ್ಥೆ 1968ರಲ್ಲಿ ಬಿಡುಗಡೆ ಮಾಡಿದ್ದು. ಬಯಲಿನ ಸೀಮೆಯಲ್ಲಿ ಆಲೂಗಡ್ಡೆ ಸರಿಯಾಗಿ ಹೂ ಬಿಡುವುದಿಲ್ಲ. ಬೇಸಿಗೆಯ ಉದ್ದನೆಯ ಹಗಲು ಮತ್ತು ತಂಪು ಎರಡೂ ಇರುವ ಕುಫ್ರಿ ಬೆಟ್ಟದಲ್ಲಿ ಬಿಡುತ್ತದೆ. ಅದಕ್ಕೇ ಸಂಸ್ಥೆಯ ತಳಿಗಳಿಗೆಲ್ಲ ಆ ಊರಿನ ಹೆಸರು. ಹೂವಿಂದ ಪುಟ್ಟ ಟೊಮ್ಯಾಟೊದಂಥ ಕಾಯಿ, ಕಾಯೊಳಗೆ ಬೀಜ, ಒಂದೊಂದು ಬೀಜವೂ ಬೇರೆಯೇ ಜೀವ. ಜ್ಯೋತಿ ಶುರುವಾಗಿದ್ದು ಅಂಥ ಒಂದೇ ಒಂದು ಬೀಜದಿಂದ. ಆಮೇಲೆ ಬೀಜವಿಲ್ಲ, ಗಡ್ಡೆಯಿಂದ ಗಡ್ಡೆ, ಕಣ್ಣಿಂದ ಕಣ್ಣು. ಅಂದರೆ ನನ್ನ ಹಿತ್ತಿಲಲ್ಲಿರುವುದು ಆ ಸಸಿಯ ಮಕ್ಕಳೂ ಅಲ್ಲ, ಮೊಮ್ಮಕ್ಕಳೂ ಅಲ್ಲ, ಅದೇ ಸಸಿ. ನೆರೆಹೊಲದಲ್ಲಿರುವುದೂ ಅದೇ. ಎಷ್ಟೋ ಲಾರಿಗಳಲ್ಲಿ ಹಂಚಿಹೋಗಿ, ಎಷ್ಟೋ ಮನೆಗಳಲ್ಲಿ ಊಟವಾಗಿ, ಇನ್ನೂ ಮುಗಿಯದ ಒಂದೇ ಗಿಡ.

ಹೀಗೆ ಉಳಿಯುವುದು ಸುಲಭದ್ದಲ್ಲ. 1845ರಲ್ಲಿ ಐರ್ಲೆಂಡಿನ ಬಡವರು ನೆಚ್ಚಿಕೊಂಡಿದ್ದದ್ದು ಬಹುಪಾಲು ಲಂಪರ್ ಎಂಬ ಒಂದೇ ತಳಿಯನ್ನು. ಅಂಗಮಾರಿ ಬಂದಾಗ ಒಂದು ಗಿಡ ಸೋತಲ್ಲಿ ಎಲ್ಲವೂ ಸೋತವು. ಮುಂದಿನ ವರ್ಷಗಳಲ್ಲಿ ಸುಮಾರು 10 ಲಕ್ಷ ಜನ ಹಸಿವು, ರೋಗಗಳಿಂದ ಸತ್ತರು. ಆಲೂಗಡ್ಡೆಯ ತವರಾದ ಆಂಡಿಸ್ ಬೆಟ್ಟಗಳ ರೈತರು ಇಂದಿಗೂ ಒಂದೇ ಹೊಲದಲ್ಲಿ ಹತ್ತಾರು ಬಣ್ಣ, ಆಕಾರದ ಗಡ್ಡೆ ಬೆರೆಸಿ ನೆಡುವುದರ ಹಿಂದೆ ಎಷ್ಟು ತಿಳಿವಿದೆ! ಹಾಸನದವರಿಗೂ ಅಂಗಮಾರಿ ಹೊಸದಲ್ಲ. ಮೋಡ ಕವಿದು ಜಿಟಿಜಿಟಿ ಮಳೆ ಹಿಡಿದರೆ ಎಲೆಯಂಚಿನಲ್ಲಿ ಕಪ್ಪು ಕಾಣಿಸಿತೇ ಎಂದು ಬಗ್ಗಿ ನೋಡದ ರೈತನಿಲ್ಲ.

ಮುಗಿಯದ ಮೈಗೆ ಇನ್ನೊಂದು ಭಾರವೂ ಇದೆ. ತಗುಲಿದ ವೈರಸ್ಸು ಗಡ್ಡೆಯೊಳಗೆ ಕೂತು ಮುಂದಿನ ಬೆಳೆಗೆ ದಾಟುತ್ತದೆ, ಅಲ್ಲಿಂದ ಅದರ ಮುಂದಿನದಕ್ಕೆ. ಮನೆಯ ಗಡ್ಡೆಯನ್ನೇ ಮತ್ತೆ ಮತ್ತೆ ನೆಟ್ಟರೆ ಇಳುವರಿ ಕುಸಿಯುವುದು ಇದರಿಂದ. ಪಂಜಾಬಿನ ಜಲಂಧರಿನಿಂದ ನಮ್ಮೂರ ಮಾರುಕಟ್ಟೆಗೆ ಬಿತ್ತನೆ ಗಡ್ಡೆ ಬರುವುದೂ ಇದಕ್ಕೇ. ಆದರೂ ಒಂದು ಜಾಗ ಉಳಿದಿರುತ್ತದೆ. ರೋಗ ಹೊತ್ತ ಗಿಡದಲ್ಲೂ ಮೊಳಕೆಯ ತುತ್ತತುದಿಗೆ ವೈರಸ್ಸು ಸಾಮಾನ್ಯವಾಗಿ ತಲುಪಿರುವುದಿಲ್ಲ. ಒಂದು ಮಿಲಿಮೀಟರಿಗೂ ಚಿಕ್ಕದಾದ ಆ ತುದಿಯನ್ನು ಸೂಕ್ಷ್ಮದರ್ಶಕದಡಿ ಕತ್ತರಿಸಿ, ಗಾಜಿನ ಕೊಳವೆಯಲ್ಲಿ ಬೆಳೆಸಿ, ರೋಗವಿಲ್ಲದ ಗಿಡ ಪಡೆಯುತ್ತಾರೆ. ಹಾಸನದ ಸುತ್ತ ಈಗ ಕೆಲವು ರೈತರು ಅಂಥ ಗಿಡಗಳ ಕುಡಿ ಕತ್ತರಿಸಿ ಬೇರು ಬರಿಸಿದ ಸಸಿಗಳನ್ನು ನೆಡುತ್ತಿದ್ದಾರೆ. ಬರುವ ಮುಂಗಾರಿಗೆ ನಾನೂ ಒಂದು ಸಾಲು ಹಾಕುತ್ತೇನೆ. ತಾಯಿಗಡ್ಡೆಯ ಆಸರೆಯಿಲ್ಲದ ಸಸಿ ಮಣ್ಣೊಳಗೆ ತನ್ನ ಮೊದಲ ಎಳೆಯನ್ನು ಯಾವಾಗ ಚಾಚುತ್ತದೆಂದು ನೋಡಬೇಕು.