ವ್ರತಿಗೆ ನಿದ್ರೆಯ ವಿವೇಕ



ಮೊಳಕಾಲ್ಮೂರು ತಾಲೂಕಿನ ಬಿ.ಜಿ. ಕೆರೆಯ ಮೂಲಕ ಬಳ್ಳಾರಿ–ಚಳ್ಳಕೆರೆ ಹೆದ್ದಾರಿ ಹಾದುಹೋಗುತ್ತದೆ. ಇರುಳಿನಲ್ಲಿಯೂ ಅಲ್ಲಿ ಲಾರಿಗಳು ಓಡುತ್ತಿರುತ್ತವೆ. ಚಾಲಕನಿಗೆ ಯಾರ ಮೇಲೂ ದ್ವೇಷವಿಲ್ಲ, ಕೊಲ್ಲುವ ಸಂಕಲ್ಪವೂ ಇಲ್ಲ. ಆದರೂ ಅವನ ರೆಪ್ಪೆ ಒಂದು ಕ್ಷಣ ಮುಚ್ಚಿತೆಂದರೆ ದಾರಿಹೋಕನ ಪ್ರಾಣ ಹೋಗಬಹುದು. ಪ್ರಮಾದದಿಂದ ಪ್ರಾಣಗಳಿಗೆ ಒದಗುವ ಘಾತವೇ ಹಿಂಸೆ ಎಂದು ಉಮಾಸ್ವಾಮಿ ಆಚಾರ್ಯರು ತತ್ತ್ವಾರ್ಥಸೂತ್ರದಲ್ಲಿ ತಿಳಿಸಿದ್ದಾರೆ. ಅದೇ ತಾಲೂಕಿನ ಬ್ರಹ್ಮಗಿರಿಯಲ್ಲಿ 1892ರಲ್ಲಿ ಬಿ.ಎಲ್. ರೈಸ್ ಅವರು ಬೆಳಕಿಗೆ ತಂದ ಅಶೋಕನ ಶಾಸನವೂ ಪ್ರಾಣಿದಯೆಯಲ್ಲಿ ದೃಢರಾಗಿರಬೇಕೆಂದು ಬೋಧಿಸುತ್ತದೆ. ಹೃದಯದಲ್ಲಿ ದಯೆ ಇದ್ದರೆ ಸಾಲದು. ಅದನ್ನು ನಡೆಸಲು ಎಚ್ಚರವೂ ಬೇಕು.

ಶಾಸ್ತ್ರಗಳು ನಿದ್ರೆಯನ್ನು ಹದಿನೈದು ಪ್ರಮಾದಗಳಲ್ಲಿ ಎಣಿಸಿವೆ. ಮುನಿಗಳು ನೆಲದ ಮೇಲೆ ಒಂದೇ ಮಗ್ಗುಲಾಗಿ ಅಲ್ಪಕಾಲ ಮಲಗುತ್ತಾರೆ. ಇದನ್ನು ಕಂಡು ಕೆಲವು ಶ್ರಾವಕರು ನಿದ್ದೆಗೆಡುವುದೇ ತಪಸ್ಸೆಂದು ಭಾವಿಸುತ್ತಾರೆ. ಈ ಭಾವನೆ ಸರಿಯೇ?

ದರ್ಶನಾವರಣೀಯ ಕರ್ಮದ ಒಂಬತ್ತು ಭೇದಗಳಲ್ಲಿ ಐದು ನಿದ್ರೆಗೆ ಸಂಬಂಧಿಸಿದವು: ನಿದ್ರಾ, ನಿದ್ರಾನಿದ್ರಾ, ಪ್ರಚಲಾ, ಪ್ರಚಲಾಪ್ರಚಲಾ, ಸ್ತ್ಯಾನಗೃದ್ಧಿ. ಆಯಾಸವನ್ನು ನೀಗುವ ಶಯನವೇ ಮೊದಲನೆಯದು ಎಂದು ಪೂಜ್ಯಪಾದರು ಸರ್ವಾರ್ಥಸಿದ್ಧಿಯಲ್ಲಿ ವಿವರಿಸಿದ್ದಾರೆ. ಕುಳಿತಲ್ಲಿಯೇ ತೂಕಡಿಸುವುದು ಪ್ರಚಲಾ. ರಾತ್ರಿ ಮೊದಲನೆಯದನ್ನು ಬಲವಂತವಾಗಿ ದೂಡಿದ ಗೃಹಸ್ಥನು ಹಗಲು ಸ್ವಾಧ್ಯಾಯದ ಮಣೆಯ ಮುಂದೆ ಮೂರನೆಯದರ ವಶನಾಗುತ್ತಾನೆ. ಅವನು ಪ್ರಮಾದವನ್ನು ಗೆದ್ದುದಾದರೂ ಎಲ್ಲಿ? ರಾತ್ರಿಯಿಂದ ಹಗಲಿಗೆ ಸಾಗಿಸಿದನಷ್ಟೆ.

ಉಪವಾಸ ಮಾಡುವವನು ಆಲಸ್ಯವಿಲ್ಲದೆ ಜ್ಞಾನಧ್ಯಾನಗಳಲ್ಲಿ ತೊಡಗಿರಬೇಕೆಂದು ಸಮಂತಭದ್ರ ಆಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ವಿಧಿಸಿದ್ದಾರೆ. ಅನಾದರ ಮತ್ತು ವಿಸ್ಮರಣೆ ಪ್ರೋಷಧೋಪವಾಸದ ಅತಿಚಾರಗಳು. ನಿದ್ದೆಗೆಟ್ಟ ಮನಸ್ಸಿಗೆ ಇವೆರಡೂ ಬೇಗ ಅಂಟಿಕೊಳ್ಳುತ್ತವೆ, ಕ್ರೋಧವೂ ಹಿಂಬಾಲಿಸುತ್ತದೆ. ಹೊಟ್ಟೆ ಬರಿದಾಗಿಯೂ ಕಷಾಯ ತುಂಬಿದ್ದರೆ ಅಂತಹ ಉಪವಾಸದಿಂದ ಫಲವೇನು?

ವಯಸ್ಕರಿಗೆ ಏಳು ಗಂಟೆಗಳಿಗೆ ಕಡಿಮೆಯಿಲ್ಲದ ನಿದ್ರೆ ಬೇಕೆಂದು ಇಂದಿನ ವೈದ್ಯಶಾಸ್ತ್ರ ಹೇಳುತ್ತದೆ. ಗಾಢನಿದ್ರೆಯ ಹೆಚ್ಚಿನ ಪಾಲು ಇರುಳಿನ ಮೊದಲ ಭಾಗದಲ್ಲಿಯೇ ಬರುತ್ತದೆ. ರಾತ್ರಿಭೋಜನ ತ್ಯಾಗವು ಜೀವದಯೆಗಾಗಿ ವಿಹಿತವಾದುದು. ಹೊಟ್ಟೆ ಹಗುರಾಗಿ ನಿದ್ರೆ ಸುಖವಾಗಿ ಬರುವುದು ಅದರ ಆನುಷಂಗಿಕ ಲಾಭ. ಧಾರಣೆಯ ದಿನ ಮಧ್ಯಾಹ್ನದ ಮೇಲೆ ಚಹಾ, ಕಾಫಿ ಬಿಡಬೇಕು. ಸಂಜೆ ಪ್ರತಿಕ್ರಮಣ ಮಾಡಿ, ಎಲ್ಲ ಜೀವಿಗಳಲ್ಲಿ ಕ್ಷಮೆ ಬೇಡಿ, ಮೊಬೈಲನ್ನು ದೂರವಿರಿಸಿ, ಣಮೋಕಾರ ಮಂತ್ರವನ್ನು ಸ್ಮರಿಸುತ್ತ ಮಲಗಬೇಕು. ಗುರುಗಳ ಅನುಮತಿಯಿಂದ ಜಾಗರಣೆ ಮಾಡಿದವರು ಮರುದಿನ ವಾಹನ ನಡೆಸಬಾರದು. ದೀರ್ಘಕಾಲ ನಿದ್ರೆ ಬಾರದವರೂ, ನಿದ್ರೆಯಲ್ಲಿ ಉಸಿರು ಕಟ್ಟುವವರೂ ವೈದ್ಯರನ್ನು ಕಾಣಬೇಕು.

ಅತಿನಿದ್ರೆ ಭೋಗವಾಗುತ್ತದೆ; ನಿದ್ದೆಗೇಡು ಘಾತಕ್ಕೆ ದಾರಿಯಾಗುತ್ತದೆ. ಮಿತನಿದ್ರೆಯಿಂದ ಎದ್ದವನ ಕಣ್ಣಿಗೆ ಕಾಲಡಿಯ ಇರುವೆಯೂ ಕಾಣುವುದು. ಅಹಿಂಸಾವ್ರತವು ಅಂತಹ ಕಣ್ಣನ್ನು ಬಯಸುತ್ತದೆ.